ಯಾರ ಕೈಯ ಪೀತಾ

ಪೊಲಿಕ್ಸೇನಿಗೆ ಸಿಟ್ಟು ಬಂದರೆ ಕೂಗಾಡುತ್ತಿರಲಿಲ್ಲ, ಕೆಲಸ ಮಾಡುತ್ತಿದ್ದಳು. ಅವಳ ಅಂಗಳದಿಂದ ಕಂಬಳಿ ಬಡಿಯುವ ಸದ್ದೋ ಸೌದೆ ಸೀಳುವ ಸದ್ದೋ ಜೋರಾಗಿ ಕೇಳಿಸಿದರೆ ಕಸ್ತಾನೋರಾಹಿ ಊರಿನ ಹೆಂಗಸರು ಬೇಲಿಯಾಚೆ ನಿಂತು, "ಇವತ್ತು ಅವಳ ಗಂಡ ಝೀಸಿಸ್ ಮತ್ತೇನೋ ಅಂದಿದ್ದಾನೆ" ಎಂದು ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಿದ್ದರು. ಅವಳಿಗೆ ಆಗ ಐವತ್ತು ವರ್ಷ. ಗಟ್ಟಿ ಆಳು, ಅಗಲ ಭುಜ, ಮೊಣಕೈವರೆಗೆ ಮಡಚಿದ ತೋಳು. ಹುಟ್ಟಿದ್ದು ಸಮುದ್ರದ ಕಡೆಯ ಬಯಲಿನಲ್ಲಿ. ಇಪ್ಪತ್ತೆರಡರಲ್ಲಿ ಮದುವೆಯಾಗಿ ಈ ಎಪಿರಸ್ ಬೆಟ್ಟಕ್ಕೆ ಬಂದವಳು ಚಳಿ ಕಲಿತಳು, ಕುರಿಯ ಹಾಲು ಕರೆಯುವುದು ಕಲಿತಳು, ಕಲ್ಲು ಹಾಸಿನ ಮೇಲೆ ಹಿಮ ಬಿದ್ದಾಗ ಜಾರದೆ ನಡೆಯುವುದು ಕಲಿತಳು. ಪೀತಾ ಮಾಡುವುದು ಮಾತ್ರ ಅವಳಿಗೆ ಮೊದಲೇ ಬರುತ್ತಿತ್ತು. ಅಥವಾ ಬರುತ್ತದೆಂದು ಅಂದುಕೊಂಡಿದ್ದಳು.

ಮದುವೆಯಾದ ಮೊದಲ ಭಾನುವಾರವೇ ಆ ಭ್ರಮೆ ಬಿಟ್ಟಿತು. ಬೆಳಗ್ಗೆ ಎದ್ದು ಹಿಟ್ಟು ಕಲಸಿ, ಉದ್ದನೆಯ ಸಪೂರ ಲಟ್ಟಣಿಗೆಯಲ್ಲಿ ಒಂದೊಂದೇ ಹಾಳೆ ಲಟ್ಟಿಸಿ, ಪಾಲಕ್ ಸೊಪ್ಪು, ಈರುಳ್ಳಿ ಸೊಪ್ಪು, ಸಬ್ಬಸಿಗೆ, ಪುಡಿ ಮಾಡಿದ ಫೆಟಾ ಚೀಸ್ ತುಂಬಿ, ಹರಿವಾಣದಲ್ಲಿ ಜೋಡಿಸಿ ಅಂಗಳದ ಕಲ್ಲಿನ ಭಟ್ಟಿಗೆ ತಳ್ಳಿದ್ದಳು. ಮೇಲ್ಗಡೆ ಹೊಂಬಣ್ಣ ಬಂದಿತ್ತು. ಹೊಸ ಗಂಡ ಒಂದು ತುಂಡು ಎತ್ತಿಕೊಂಡ, ಅಗಿದ, ಆಮೇಲೆ ತುಂಡನ್ನು ಮಗುಚಿ ಅಡಿ ನೋಡಿದ.

"ಚೆನ್ನಾಗಿದೆ. ಬುಡ ಮಾತ್ರ ಒದ್ದೆ. ನಮ್ಮಮ್ಮನ ಪೀತಾದ ಬುಡ ಕಟುಂ ಅಂತಿತ್ತು."

ಇಷ್ಟೇ. ಹೊಡೆದವನಲ್ಲ, ಬೈದವನಲ್ಲ, ಕುಡಿದು ಬಂದವನಲ್ಲ. ಯಾನ್ನಿನಾ ಪಟ್ಟಣಕ್ಕೆ ಹೋಗುವ ಬಸ್ಸಿನ ಡ್ರೈವರು, ಊರಿಗೆಲ್ಲ ಬೇಕಾದವನು. ಆದರೆ ಅದೊಂದು ಮಾತನ್ನು ಅವನು ಇಪ್ಪತ್ತೆಂಟು ವರ್ಷ ಆಡಿದ. ಭಾನುವಾರ ಆಡಿದ, ಹಬ್ಬದ ದಿನ ಆಡಿದ, ಮಗಳು ವಾಯಾಳ ನಾಮಕರಣದ ದಿನ ಪಾದ್ರಿಯ ಮುಂದೆ ಆಡಿದ. ಬಸ್ಸಿನಲ್ಲಿ ಯಾರಾದರೂ ಊಟದ ವಿಷಯ ತೆಗೆದರೆ ಸ್ಟೇರಿಂಗ್ ಹಿಡಿದುಕೊಂಡೇ ಆಡಿದ.

ಪೊಲಿಕ್ಸೇನಿ ಏನೇನು ಮಾಡಲಿಲ್ಲ! ಸೊಪ್ಪಿಗೆ ಉಪ್ಪು ಹಚ್ಚಿ ಹಿಂಡಿದಳು. ಬಟ್ಟೆಯಲ್ಲಿ ಕಟ್ಟಿ ಮೊಳೆಗೆ ನೇತುಹಾಕಿದಳು. ಬಿಸಿಲಿಗೆ ಹರಡಿದಳು. ರವೆ ಉದುರಿಸಿದಳು, ಅಂಟಂಟಾಯಿತು. ಹರಿವಾಣ ಬದಲಿಸಿದಳು, ಭಟ್ಟಿಯ ನೆಲವನ್ನೇ ಕಿತ್ತು ಹೊಸ ಕಲ್ಲು ಹಾಕಿಸಿದಳು. ಅತ್ತೆ ಎವ್ದೋಕ್ಸಿಯಾಳನ್ನು ಕೇಳಿದರೆ, ಆಕೆ ಬಾಗಿಲ ಬಳಿಯ ಕುರ್ಚಿಯಲ್ಲಿ ಕಪ್ಪು ತಲೆವಸ್ತ್ರ ಸರಿಮಾಡಿಕೊಳ್ಳುತ್ತ, "ಅದು ಕೈಗುಣ, ಸೊಸೆ. ಹೇಳಿಕೊಟ್ಟರೆ ಬರೋದಲ್ಲ" ಎನ್ನುತ್ತಿದ್ದಳು. ಹಾಗಾದರೆ ಒಂದು ಸಲ ನೀವೇ ಮಾಡಿ ತೋರಿಸಿ ಎಂದರೆ, "ಅಯ್ಯೋ, ನನ್ನ ಕೈ ಗಂಟುಗಳು ನೋಯ್ತವೆ." ಹೀಗೆಂದಾಗ ಮುದುಕಿಯ ತುಟಿ ಮೂಲೆಯಲ್ಲಿ ಒಂದು ನಗು ಸುಳಿದು ಹೋಗುತ್ತಿತ್ತು. ಆ ನಗು ಕಂಡಾಗಲೆಲ್ಲ ಪೊಲಿಕ್ಸೇನಿ ಅಂಗಳಕ್ಕೆ ಹೋಗಿ ಕೊಡಲಿ ಕೈಗೆತ್ತಿಕೊಳ್ಳುತ್ತಿದ್ದಳು. ಒಮ್ಮೆ ಇಡೀ ಹರಿವಾಣವನ್ನೇ ಕೋಳಿಗಳಿಗೆ ಸುರಿದದ್ದೂ ಉಂಟು.

ಸಾವಿರದ ಒಂಬೈನೂರ ತೊಂಬತ್ತನಾಲ್ಕರ ಮೇ ತಿಂಗಳು. ಈಸ್ಟರ್ ಮುಗಿದಿತ್ತು. ಪೊಲಿಕ್ಸೇನಿಯ ದೊಡ್ಡಪ್ಪನ ಮೊಮ್ಮಗನೊಬ್ಬ ಪಿಗಾದಿ ಎಂಬ ಊರಿನ ಹುಡುಗಿಯನ್ನು ಮದುವೆಯಾಗಿ ಅಲ್ಲೇ ಮನೆ ಕಟ್ಟಿಸುತ್ತಿದ್ದ. ಮನೆಗೆ ಮಾಡು, ಮೇಲ್ಚಾವಣಿ, ಕೂರಿಸುವ ದಿನ ಇವಳನ್ನೂ ಕರೆದ. ಪಿಗಾದಿ ಇರುವುದು ಝೀಸಿಸ್‌ನ ಬಸ್ಸಿನ ದಾರಿಯಲ್ಲೇ, ಮುಕ್ಕಾಲು ಗಂಟೆ ದೂರ. ಆ ಊರು ಬಂದಾಗ ಗಂಡ ಬಸ್ಸನ್ನು ಯಾವಾಗಲೂ ಒಂದಿಷ್ಟು ಜೋರಾಗಿ ಓಡಿಸುತ್ತಾನೆ ಎಂಬುದನ್ನು ಅವಳು ಯಾವತ್ತೂ ಗಮನಿಸಿದವಳಲ್ಲ. ಆ ಬೆಳಗ್ಗೆಯೂ ಅವನು ಅವಳನ್ನು ಇಳಿಸಿ, ಅವಳು ಬಾಗಿಲಿಂದ ಕೈ ತೆಗೆಯುವ ಮೊದಲೇ ಗೇರು ಹಾಕಿ ಹೊರಟುಬಿಟ್ಟ.

ಮಾಡಿನ ತುದಿಯಲ್ಲಿ ಕೆಲಸಗಾರರು ಶಿಲುಬೆ ನಿಲ್ಲಿಸಿದರು. ಬಂದವರು ಕೊಟ್ಟ ಕರವಸ್ತ್ರ, ಟವೆಲು, ಅಂಗಿಗಳನ್ನು ಹಗ್ಗದಲ್ಲಿ ಸಾಲಾಗಿ ಕಟ್ಟಿದರು. ಒಬ್ಬೊಬ್ಬರ ಉಡುಗೊರೆ ಮೇಲೇರಿದಾಗಲೂ ಹಿರಿಯ ಕಲ್ಲುಕುಟಿಗ ಸುತ್ತಿಗೆ ಬಡಿದು ಹೆಸರು ಹಿಡಿದು ಹರಸಿದ. ಕೆಳಗೆ ಹಲಗೆಗಳನ್ನೇ ಮೇಜು ಮಾಡಿ ಊರ ಹೆಂಗಸರು ತಂದ ಹರಿವಾಣಗಳನ್ನು ಇಟ್ಟಿದ್ದರು. ಐದಾರು ಬಗೆಯ ಪೀತಾ. ಪೊಲಿಕ್ಸೇನಿ ಮಾತಾಡುತ್ತ ಆಡುತ್ತ ಹತ್ತಿರದ ಹರಿವಾಣದಿಂದ ಒಂದು ಪಾಲಕ್ ಪೀತಾ ತುಂಡು ಎತ್ತಿ ಕಚ್ಚಿದಳು.

ಕಟುಂ ಎಂದಿತು.

ಅವಳು ಅಗಿಯುವುದನ್ನು ನಿಲ್ಲಿಸಿದಳು. ತುಂಡು ಮಗುಚಿದಳು. ಬುಡ ಕಂದು ಬಣ್ಣಕ್ಕೆ ತಿರುಗಿ, ಒಣಗಿ, ಗರಿಗರಿಯಾಗಿತ್ತು. ಒಳಗಿನ ಸೊಪ್ಪು ಮಾತ್ರ ರಸ ರಸ. ಜೊತೆಗೆ ಎಲ್ಲೋ ಹಿಂದೆ ಒಂದು ಸಣ್ಣ ಹುಳಿ. ಇಪ್ಪತ್ತೆಂಟು ವರ್ಷ ಗಂಡನ ಬಾಯಲ್ಲಿ ಕೇಳಿ ಕೇಳಿ ಅವಳಿಗೆ ಗೊತ್ತಿದ್ದ ಪೀತಾ ಇದು.

"ಇದನ್ನ ಮಾಡಿದ್ದು ಯಾರು?" ಎಂದು ಕೇಳಿದಳು. ದನಿ ಎಷ್ಟು ಬಿರುಸಾಗಿತ್ತೆಂದರೆ ಪಕ್ಕದವಳು ಬೆಚ್ಚಿದಳು.

"ಯಾಕವ್ವ, ಕೂದಲು ಸಿಕ್ಕಿತಾ?" ಹಲಗೆಯ ಆ ತುದಿಯಲ್ಲಿ ಕೂತಿದ್ದ ಮುದುಕಿ ಕೇಳಿದಳು. ಎಪ್ಪತ್ತು ದಾಟಿದ ಸಣಕಲು ಹೆಂಗಸು. ಒಂದು ಕಣ್ಣಿಗೆ ಪೊರೆ ಬಂದಿತ್ತು, ಇನ್ನೊಂದು ಚುರುಕಾಗಿತ್ತು. "ನಾನೇ ಮಾಡಿದ್ದು. ಅಗಾಥಿ. ಈ ಮಾಡಿನ ಕೆಲಸದವರಿಗೆಲ್ಲ ಕಸುಬು ಕಲಿಸಿದವನ ಹೆಂಡತಿ. ಅವನು ತೀರಿಕೊಂಡ."

"ಬುಡ ಹೇಗೆ ಒಣಗಿಸಿದಿರಿ?"

"ಒಣಗಿಸೋದೇನು ಬಂತು. ಕೆಳಗಿನ ಮೂರು ಹಾಳೆ ಹಾಸಿದ ಮೇಲೆ ಒಂದು ಹಿಡಿ ತ್ರಹನಾ ಉದುರಿಸ್ತೀನಿ. ಹುಳಿ ಹಾಲಲ್ಲಿ ಬೇಯಿಸಿ ಒಣಗಿಸಿಟ್ಟ ಗೋಧಿ ನುಚ್ಚು, ನಿಮ್ಮನೇಲೂ ಇರುತ್ತಲ್ಲ, ಚಳಿಗಾಲದಲ್ಲಿ ಗಂಜಿ ಮಾಡೋದು, ಅದೇ. ಸೊಪ್ಪನ್ನ ಹಿಂಡಬೇಡ. ಹಿಂಡಿದರೆ ರುಚಿಯೆಲ್ಲ ಚರಂಡಿಗೆ. ಅದು ನೀರು ಬಿಟ್ಟುಕೊಳ್ಳಲಿ, ತ್ರಹನಾ ಕುಡಕೊಳ್ಳುತ್ತೆ." ಮುದುಕಿ ಖುಷಿಯಾಗಿದ್ದಳು. "ನೀನು ಯಾವೂರು ಸೊಸೆ? ಯಾರ ಮನೆಯವಳು?"

"ಕಸ್ತಾನೋರಾಹಿ. ಬಸ್ ಡ್ರೈವರ್ ಝೀಸಿಸ್‌ನ ಹೆಂಡತಿ."

ಮೇಲೆ ಸುತ್ತಿಗೆ ಎರಡು ಸಲ ಬಡಿಯಿತು, ಯಾರದೋ ಹೆಸರು ಕೂಗಿದರು. ಮುದುಕಿ ಮಡಿಲಲ್ಲಿದ್ದ ತುಣುಕುಗಳನ್ನು ಕೊಡವಿ ಎದ್ದಳು.

"ಏನಾಯ್ತಜ್ಜಿ?"

"ಅಜ್ಜಿಯಲ್ಲ. ನಿನ್ನ ಅತ್ತೆ ಇದ್ದಾಳಲ್ಲ, ಎವ್ದೋಕ್ಸಿಯಾ, ಅವಳು ನನ್ನ ಒಡಹುಟ್ಟಿದ ಅಕ್ಕ. ನನ್ನ ಮನೆಗೆ ಬಾ. ಇಲ್ಲಿ ಬೇಡ."

ಅವಳ ಮನೆ ರಸ್ತೆಯ ಮೇಲ್ಗಡೆಯೇ ಇತ್ತು. ಕಿಟಕಿಯಿಂದ ಬಸ್ ನಿಲ್ದಾಣ ಕಾಣುತ್ತಿತ್ತು. ಅಗಾಥಿ ಕಾಫಿ ಕಾಯಿಸುತ್ತ, ಬೆನ್ನು ಹಾಕಿಕೊಂಡೇ ಹೇಳಿದಳು. ಹದಿನಾಲ್ಕು ವರ್ಷದವಳಿದ್ದಾಗ ಅಪ್ಪ ಅಮ್ಮ ಹೋದರು. ಅಕ್ಕನ ಗಂಡನ ಮನೆಗೆ ಬಂದಳು. ಅಕ್ಕ ಹೊಲ, ಕುರಿ ನೋಡಿಕೊಂಡಳು, ಇವಳು ಒಲೆ. ಹದಿನಾರು ವರ್ಷ. ಯುದ್ಧ ಬಂತು, ಹೋಯಿತು, ಇನ್ನೊಂದು ಬಂತು. ಹಿಟ್ಟು ಸಿಕ್ಕಿದ ದಿನ ಪೀತಾ ಮಾಡಿದಳು, ಸಿಗದ ದಿನ ಸೊಪ್ಪು ಬೇಯಿಸಿ ಹಾಕಿದಳು. ಆಮೇಲೆ ಆ ಊರಿನ ಶಾಲೆಯ ಗೋಡೆ ಕಟ್ಟಲು ಬಂದ ಪಿಗಾದಿಯ ಕಲ್ಲುಕುಟಿಗ, ಹೆಂಡತಿ ಸತ್ತವನು, ಇವಳನ್ನು ಕೇಳಿದ. ಭಾವ ಆಗುವುದಿಲ್ಲ ಎಂದ.

"ಅಕ್ಕ ಏನಂದಳು?" ಪೊಲಿಕ್ಸೇನಿ ಕೇಳಿದಳು.

"'ನೀನು ಹೋದರೆ ಅಡುಗೆ ಯಾರು ಮಾಡ್ತಾರೆ?' ಅಂದಳು. ಅಷ್ಟೇ ಅಂದದ್ದು. ನನಗೆ ಮೂವತ್ತು ವರ್ಷ ಆಗಿತ್ತು ಮಗಳೇ. ಮಾರನೆ ದಿನ ಬೆಳಗ್ಗೆ ಎದ್ದು ಹೋದೆ. ಹಗಲು ಬೆಳಕಲ್ಲಿ, ಚೌಕದ ನಡುವೆ, ಎಲ್ಲರೂ ನೋಡೋ ಹಾಗೆ ಹೋದೆ. ಅವತ್ತಿಂದ ಆ ಮನೆಗೆ ನಾನು ಸತ್ತವಳು."

"ಈ ಊರಿನ ಮುಂದೆ ದಿನಾ ಎರಡು ಸಲ ಬಸ್ಸು ಹೋಗುತ್ತೆ. ಝೀಸಿಸ್‌ಗೆ ನೀವು ಇಲ್ಲಿರೋದು..."

"ಗೊತ್ತು." ಅಗಾಥಿ ತಿರುಗಿದಳು. "ಅವನು ಡ್ರೈವರ್ ಆದ ವರ್ಷ ನಾನು ಕೆಳಗೆ ನಿಂತು ಕೈ ಅಡ್ಡ ಹಾಕಿದೆ. ಮಳೆ ಬರ್ತಿತ್ತು. ನನ್ನ ಮುಖ ನೋಡಿದ. ನೋಡಿ, ನಿಲ್ಲಿಸದೆ ಹೋದ. ಅವನನ್ನ ಎತ್ತಿ ಆಡಿಸಿದವಳು ನಾನು. ಅವತ್ತಿಂದ ನಾನು ಆ ಬಸ್ಸು ಹತ್ತಿಲ್ಲ. ಪಟ್ಟಣಕ್ಕೆ ಹೋಗಬೇಕಾದರೆ ತರಕಾರಿ ಲಾರಿ ಹತ್ತುತ್ತೀನಿ, ಮೂಟೆ ಮೇಲೆ ಕೂತು."

ಪೊಲಿಕ್ಸೇನಿ ಕಾಫಿ ಮುಟ್ಟಲಿಲ್ಲ. ನಮ್ಮಮ್ಮನ ಪೀತಾ, ನಮ್ಮಮ್ಮನ ಪೀತಾ! ಊರಿಗೆಲ್ಲ ಗೊತ್ತಿತ್ತು. ಬೇಲಿಯಾಚೆ ನಿಂತು ಮುಸಿಮುಸಿ ನಕ್ಕ ಪ್ರತಿಯೊಬ್ಬ ಮುದುಕಿಗೂ ಗೊತ್ತಿತ್ತು. ಬಯಲಿನಿಂದ ಬಂದ ಸೊಸೆಗೆ ಮಾತ್ರ ಯಾರೂ ಹೇಳಲಿಲ್ಲ.

ಮಧ್ಯಾಹ್ನ ಮೂರಕ್ಕೆ ಬಸ್ಸು ಬಂತು. ಅವಳು ಹತ್ತಿ ಗಂಡನ ಬೆನ್ನ ಹಿಂದಿನ ಸೀಟಲ್ಲೇ ಕೂತಳು. ಬೆಟ್ಟದ ತಿರುವುಗಳಲ್ಲಿ ಅವನ ಬೆಳ್ಳಗಾದ ಕುತ್ತಿಗೆಯ ಕೂದಲನ್ನು ನೋಡುತ್ತ ಕೂತಳು.

"ಮಾಡು ಕೂತಿತಾ?" ಕನ್ನಡಿಯಲ್ಲಿ ನೋಡಿ ಕೇಳಿದ.

"ಕೂತಿತು."

"ಊಟ ಏನಿತ್ತು? ಯಾಕೆ ಮುಖ ಹಾಗಿದೆ?"

"ರಸ್ತೆ ನೋಡು ಝೀಸಿಸ್. ಮೂವತ್ತು ಜನ ಇದ್ದಾರೆ."

ಮನೆಗೆ ಬಂದವಳು ಚೀಲ ಇಡದೆ ನೇರ ಅತ್ತೆಯ ಕುರ್ಚಿಯ ಮುಂದೆ ನಿಂತಳು. ಝೀಸಿಸ್ ಬಸ್ಸು ತೊಳೆಯಲು ಚೌಕದಲ್ಲೇ ಉಳಿದಿದ್ದ.

"ಅತ್ತೆ, ಇವತ್ತು ಅಗಾಥಿ ಚಿಕ್ಕಮ್ಮನ ಮನೇಲಿ ಕಾಫಿಗೆ ಕೂತಿದ್ದೆ."

ಎವ್ದೋಕ್ಸಿಯಾ ಹೆಣೆಯುತ್ತಿದ್ದ ಕಾಲ್ಚೀಲದ ಕಡ್ಡಿಗಳು ನಿಂತವು. ಎಂಬತ್ತನಾಲ್ಕರ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. "ಆ ಹೆಸರಿನವರು ನನಗೆ ಯಾರೂ ಇಲ್ಲ."

"ಇದ್ದಾರೆ. ಅವರ ಕೈ ಇದೆ, ಅವರ ಪೀತಾ ಇದೆ. ಇಪ್ಪತ್ತೆಂಟು ವರ್ಷ ಇದೇ ಕುರ್ಚೀಲಿ ಕೂತು ಕೈಗುಣ ಅಂತ ಹೇಳಿದಿರಲ್ಲ, ಯಾರ ಕೈಯದು ಅತ್ತೆ? ನಾನು ಭಟ್ಟಿಯ ನೆಲ ಕಿತ್ತೆ! ನೀವು ನೋಡ್ತಾ ಕೂತಿರಿ!"

"ಕೂಗಬೇಡ."

"ಕೂಗ್ತೀನಿ. ಇಷ್ಟು ವರ್ಷ ಕೂಗದೆ ಸೌದೆ ಸೀಳಿದ್ದು ಸಾಕು."

ಮುದುಕಿಗೂ ಸಿಟ್ಟು ಬಂತು, ತಣ್ಣಗಿನ ಹಳೆಯ ಸಿಟ್ಟು. "ಅವಳು ಗಂಡನ್ನ ಹುಡುಕಿಕೊಂಡು ನಡೆದಳು. ನಾನೇನು ಮಾಡಬೇಕಾಗಿತ್ತು? ನನಗೆ ಹಾಳೆ ಲಟ್ಟಿಸೋಕೇ ಬರ್ತಿರಲಿಲ್ಲ. ಚಿಕ್ಕವಳಿಂದ ಕುರಿ ಹಿಂದೆ ಓಡಿದವಳು ನಾನು. ಗಂಡ ತಟ್ಟೆ ಎಸೆದ, ನೀನು ಹೆಂಗಸೇನೇ ಅಂದ. ಒಂದು ವರ್ಷ ಎಸೆದ. ಯಾರಿಗೆ ಹೇಳಲಿ? ನೀನು ಬಂದೆ. ಹುಡುಗ ಅಮ್ಮನ ಪೀತಾ ಅಂದ. ನನಗೆ ಅದು ಹಿತವಾಯ್ತು. ಬೇಡ ಅನ್ನಲಿಲ್ಲ. ಇದೇ ನನ್ನ ತಪ್ಪು. ಹೋಗು, ಊರಿಗೆಲ್ಲ ಸಾರು."

ಪೊಲಿಕ್ಸೇನಿಗೆ ಮುದುಕಿಯ ಮೇಲೆ ಕನಿಕರ ಬರುವ ಹಾಗಿತ್ತು, ಅದು ಅವಳಿಗೆ ಬೇಕಾಗಿರಲಿಲ್ಲ. ಹೊರಗೆ ಹೋಗಿ, ಕತ್ತಲಾಗುವವರೆಗೆ ತೋಟ ಅಗೆದಳು.

ಭಾನುವಾರ ಅವಳು ಪೀತಾ ಮಾಡಿದಳು. ಎಂದಿನ ಭಾನುವಾರದ ಹಾಗೆ ಅಲ್ಲ. ಬೆಳಗಿನಿಂದ ಯಾರೊಂದಿಗೂ ಮಾತಾಡಲಿಲ್ಲ. ಸೊಪ್ಪನ್ನು ಹಿಂದಿನ ದಿನವೇ ತೊಳೆದು ಬಟ್ಟೆಯ ಮೇಲೆ ಹರಡಿ ಆರಿಸಿದ್ದಳು. ಹಿಟ್ಟಿಗೆ ಎಣ್ಣೆ, ಒಂದು ಚೂರು ವಿನೆಗರ್ ಹಾಕಿ, ಮಣೆಗೆ ಎತ್ತಿ ಎತ್ತಿ ಬಡಿದು ನಾದಿದಳು. ಒಂದೊಂದು ಬಡಿತಕ್ಕೂ ಗೋಡೆಯ ತಟ್ಟೆಗಳು ಅದುರಿದವು. ಉಂಡೆ ಕಟ್ಟಿ, ಲಟ್ಟಣಿಗೆಗೆ ಸುತ್ತಿ ಬಿಚ್ಚಿ, ಸುತ್ತಿ ಬಿಚ್ಚಿ, ಆಚೆಯ ಬೆಳಕು ಕಾಣುವಷ್ಟು ತೆಳುವಾಗಿ ಹಾಳೆ ಎಳೆದಳು. ಮೂರು ಹಾಳೆ ಹಾಸಿ, ನಡುನಡುವೆ ಕುರಿ ಬೆಣ್ಣೆ ಚಿಮುಕಿಸಿ, ತೊಲೆಯ ತ್ರಹನಾ ಚೀಲಕ್ಕೆ ಕೈ ಹಾಕಿದಳು. ಇಷ್ಟು ವರ್ಷ ಅದು ಅವಳ ತಲೆಯ ಮೇಲೆಯೇ ನೇತಾಡುತ್ತಿತ್ತು. ಒಂದು ಹಿಡಿ ಉದುರಿಸಿದಳು. ಸೊಪ್ಪು, ಚೀಸ್, ಮೊಟ್ಟೆ. ಮೇಲೆ ಮತ್ತೆ ಹಾಳೆಗಳು.

ಊಟಕ್ಕೆ ಮಗಳು ವಾಯಾ ಬಂದಿದ್ದಳು. ಆರ್ತಾ ಪಟ್ಟಣದಲ್ಲಿ ಶಾಲೆಯ ಟೀಚರ್, ಚಳಿಗಾಲಕ್ಕೆ ಮದುವೆ ಗೊತ್ತಾಗಿತ್ತು. ನಾಲ್ವರೂ ಮೇಜಿಗೆ ಕೂತರು. ಝೀಸಿಸ್ ತುಂಡು ಎತ್ತಿಕೊಂಡು ಕಚ್ಚಿದ. ಆ ಸದ್ದು ಎಲ್ಲರಿಗೂ ಕೇಳಿಸಿತು.

ಅವನ ದವಡೆ ನಿಂತಿತು. ಕಣ್ಣು ತೇವವಾಯಿತು. ಐವತ್ತಾರು ವರ್ಷದ ಗಂಡಸು ಹನ್ನೊಂದರ ಹುಡುಗನ ಹಾಗೆ ಮುಖ ಮಾಡಿಕೊಂಡು ತಾಯಿಯ ಕಡೆ ತಿರುಗಿದ.

"ಅಮ್ಮಾ... ನೀನು ಮಾಡಿದೆಯಾ?"

ಮುದುಕಿ ತಟ್ಟೆ ನೋಡುತ್ತ ಕೂತಳು. ಪೊಲಿಕ್ಸೇನಿ ಚಾಕು ಕೆಳಗಿಟ್ಟಳು.

"ಇನ್ನೊಂದು ಸಲ ಕೇಳು ಝೀಸಿಸ್. ಯಾರು ಮಾಡಿದ್ದು ಅಂತ ಕೇಳು. ಹೆಸರು ಹೇಳು."

"ಏನೇ ಇದು?"

"ಹೆಸರು ಹೇಳು. ಅವಳು ಮನೆ ಬಿಟ್ಟಾಗ ನಿನಗೆ ಹನ್ನೊಂದು ದಾಟಿತ್ತು. ಮಣೆ ಮುಂದೆ ನಿಂತವರು ಯಾರು ಅಂತ ಕಾಣೋಕೆ ಅಷ್ಟು ವಯಸ್ಸು ಸಾಲದಾ?"

ವಾಯಾ ತಾಯಿಯ ಮುಖ, ತಂದೆಯ ಮುಖ ನೋಡಿದಳು. "ಅಪ್ಪ, ಯಾರ ವಿಷಯ ಇದು?"

ಝೀಸಿಸ್ ಕೆಂಪಾದ. ಮೇಜು ಗುದ್ದುವವನ ಹಾಗೆ ಕೈಯೆತ್ತಿ, ಗುದ್ದದೆ ಕೆಳಗಿಟ್ಟ. "ಅಗಾಥಿ," ಎಂದ. ಆ ಹೆಸರು ಆ ಮನೆಯಲ್ಲಿ ನಲವತ್ತನಾಲ್ಕು ವರ್ಷದ ನಂತರ ಕೇಳಿಸಿದ್ದು. "ಅಗಾಥಿ ಚಿಕ್ಕಮ್ಮ. ಅವಳು ಹೋದ ಮೇಲೆ ಅಮ್ಮ ಒಂದು ದಿನ ಪೀತಾ ಮಾಡಿದಳು. ಚಿಕ್ಕಮ್ಮನ ಥರ ಇಲ್ಲ ಅಂದೆ. ಅಪ್ಪ ನನ್ನ ಕೆನ್ನೆಗೆ ಹೊಡೆದ. ನಾನು ಕುರ್ಚಿಯಿಂದ ಬಿದ್ದೆ. 'ಈ ಮನೇಲಿ ಪೀತಾ ಮಾಡಿದ್ದು ನಿಮ್ಮಮ್ಮ. ಹೇಳು, ನಿಮ್ಮಮ್ಮ!' ಹೇಳಿದೆ. ಹೇಳಿ ಹೇಳಿ ಅದೇ ಆಯ್ತು."

"ಬಸ್ಸು ಯಾಕೆ ನಿಲ್ಲಿಸಲಿಲ್ಲ?"

ಅವನು ತಲೆ ಎತ್ತಲಿಲ್ಲ. "ಅಪ್ಪ ಹಿಂದಿನ ಸೀಟಲ್ಲಿ ಕೂತಿದ್ದ."

"ಅಪ್ಪ ಸತ್ತು ಹದಿನೇಳು ವರ್ಷ ಆಯ್ತು! ಅದಾದ ಮೇಲೆ ಎಷ್ಟು ಸಲ ಆ ಕಿಟಕಿ ಮುಂದೆ ಹೋದೆ?"

"ಮೊದಲನೇ ಸಲ ನಿಲ್ಲಿಸದೆ ಹೋದ ಮೇಲೆ ಎರಡನೇ ಸಲ ಹೇಗೆ ನಿಲ್ಲಿಸೋದು ಪೊಲಿಕ್ಸೇನಿ? ಏನು ಮುಖ ಇಟ್ಟುಕೊಂಡು?"

ಪೊಲಿಕ್ಸೇನಿ ಎದ್ದು ನಿಂತಳು. ದನಿ ಏರಲಿಲ್ಲ. "ನಿನ್ನಪ್ಪ ನಿನಗೆ ಒಂದು ಸಲ ಹೊಡೆದ. ನೀನು ನನಗೆ ವಾರಕ್ಕೊಂದು ಸಲ ಹೊಡೆದೆ. ಅವಳ ಹೆಸರು ಹೇಳೋ ಧೈರ್ಯ ಇಲ್ಲದೆ ನನ್ನ ಪೀತಾದ ಬುಡ ತಿರುವಿ ನೋಡಿದೆ. ಇವತ್ತಿಂದ ಈ ಮನೇಲಿ ನಿನಗೆ ಪೀತಾ ಇಲ್ಲ. ಪಾಲಕ್‌ದೂ ಇಲ್ಲ, ಕುಂಬಳದ್ದೂ ಇಲ್ಲ, ಬರೀ ಹಾಲಿನದೂ ಇಲ್ಲ."

ಹರಿವಾಣವನ್ನು ಎತ್ತಿಕೊಂಡು ನೆರೆಮನೆಗಳಿಗೆ ಹೋದಳು. ಒಂದೊಂದು ಬಾಗಿಲಲ್ಲೂ ಒಂದೊಂದು ತುಂಡು ಕೊಟ್ಟು, "ತಗೊಳ್ಳಿ, ಅಗಾಥಿ ಚಿಕ್ಕಮ್ಮನ ಪೀತಾ. ನೆನಪಿರಬೇಕಲ್ಲ?" ಎಂದಳು. ಕೆಲವರು ನೆಲ ನೋಡಿದರು. ಒಬ್ಬ ಮುದುಕಿ ಮಾತ್ರ ತಿಂದು, "ಇದೇ, ಇದೇ" ಎಂದು ಅತ್ತಳು. ಅಳು ಕಂಡು ಪೊಲಿಕ್ಸೇನಿಗೆ ಇನ್ನೂ ಸಿಟ್ಟು ಬಂತು. "ಈಗ ಅಳ್ತೀರಾ!"

ಆ ಬೇಸಿಗೆ ಅವಳು ಆಡಿದ ಮಾತು ಬಿಡಲಿಲ್ಲ. ಭಾನುವಾರ ಹುರುಳಿಕಾಯಿ, ಇಲ್ಲವೇ ಬೇಳೆ ಸಾರು. ಝೀಸಿಸ್ ತಟ್ಟೆಗೆ ಬಿದ್ದದ್ದು ತಿಂದು ಏಳುತ್ತಿದ್ದ. ಶನಿವಾರ ಅವಳು ಪಿಗಾದಿಗೆ ಹೋಗುತ್ತಿದ್ದಳು, ಗಂಡನ ಬಸ್ಸಿನಲ್ಲೇ, ಟಿಕೆಟ್ ತೆಗೆದುಕೊಂಡು. ಡ್ರೈವರ್ ಹೆಂಡತಿ ಟಿಕೆಟ್ ತೆಗೆಯುವುದನ್ನು ಇಡೀ ಬಸ್ಸು ನೋಡುತ್ತಿತ್ತು. ಅಲ್ಲಿ ಇಬ್ಬರು ಹೆಂಗಸರೂ ಹಿಟ್ಟು ನಾದುತ್ತ ಜಗಳವಾಡುತ್ತಿದ್ದರು. ಅಗಾಥಿಗೆ ಸಬ್ಬಸಿಗೆ ಹೆಚ್ಚು ಬೇಕು, ಇವಳಿಗೆ ಕಡಿಮೆ. ಅಗಾಥಿ ಕಣ್ಣು ಕಾಣದೆ ಚೀಸ್ ಜಾಸ್ತಿ ಹಾಕುತ್ತಾಳೆ ಎಂದು ಇವಳು ಗೊಣಗಿದರೆ, "ಕಣ್ಣು ಎರಡಿದ್ದೂ ತ್ರಹನಾ ಕಾಣಲಿಲ್ಲವಲ್ಲ ನಿನಗೆ" ಎಂದು ಅವಳು ಚುಚ್ಚುತ್ತಿದ್ದಳು. ಪೊಲಿಕ್ಸೇನಿ ಬಿದ್ದು ಬಿದ್ದು ನಗುತ್ತಿದ್ದಳು. ಮನೆಗೆ ಮರಳುವ ದಾರಿಯಲ್ಲಿ ಗಂಡನ ಕುತ್ತಿಗೆ ಕಂಡರೆ ಮತ್ತೆ ಸಿಟ್ಟು.

ಸೆಪ್ಟೆಂಬರಿನ ಒಂದು ಬೆಳಗ್ಗೆ, ಯಾನ್ನಿನಾಗೆ ಹೊರಟ ಬಸ್ಸು ತುಂಬಿತ್ತು. ಪಿಗಾದಿಯಲ್ಲಿ ಇಳಿಯುವವರು ಯಾರೂ ಇರಲಿಲ್ಲ. ಝೀಸಿಸ್ ಬ್ರೇಕು ಹಾಕಿದ, ಹಾರ್ನ್ ಹೊಡೆದ. ಯಾರೂ ಬರಲಿಲ್ಲ. ಇನ್ನೊಮ್ಮೆ ಹೊಡೆದ. ಮೇಲಿನ ಕಿಟಕಿ ತೆರೆಯಿತು.

"ಏನೋ ಅದು ಪೀಪೀ? ಕರೆದರೆ ಬರೋಕೆ ನಾನೇನು ನಿನ್ನ ಕುರಿಯಾ? ಇಳಿದು ಬಾ!"

ಅವನು ಇಂಜಿನ್ ಆರಿಸಿ ಇಳಿದ. ಟೋಪಿ ಕೈಯಲ್ಲಿ ಹಿಡಿದುಕೊಂಡು ಮೆಟ್ಟಿಲ ಬುಡದಲ್ಲಿ ನಿಂತ. ಅಗಾಥಿ ಬಾಗಿಲಿಗೆ ಬಂದು ಅಲ್ಲಿಂದಲೇ ಶುರು ಮಾಡಿದಳು. ಮಳೆಯಲ್ಲಿ ನಿಂತದ್ದು ಹೇಳಿದಳು. ತರಕಾರಿ ಲಾರಿ ಹೇಳಿದಳು. ಗಂಡ ಸತ್ತಾಗ ಅಕ್ಕನ ಊರಿಂದ ಒಂದು ನರಪಿಳ್ಳೆ ಬಾರದ್ದನ್ನು ಹೇಳಿದಳು. "ನಿನಗೆ ಜ್ವರ ಬಂದಾಗ ಹದಿನೈದು ದಿನ ಮಡಿಲಲ್ಲಿಟ್ಟುಕೊಂಡಿದ್ದೆ ಕಣೋ! ನಾಯಿ ಆಗಿದ್ದಿದ್ದರೆ ಬಾಲ ಆದರೂ ಆಡಿಸ್ತಿತ್ತು!" ಇಪ್ಪತ್ತು ನಿಮಿಷ ಬೈದಳು. ಬಸ್ಸಿನಲ್ಲಿ ಕೋರ್ಟಿಗೆ ಹೋಗುವವರಿದ್ದರು, ಡಾಕ್ಟರ ಹತ್ತಿರ ಹೋಗುವವರಿದ್ದರು. ಕಿಟಕಿಗಳನ್ನು ಇಳಿಸಿ ಎಲ್ಲರೂ ಕೇಳಿದರು. ಹೊತ್ತಾಯಿತೆಂದು ಒಬ್ಬರೂ ತಕರಾರು ತೆಗೆಯಲಿಲ್ಲ. ಕೊನೆಗೆ ಅವನು, "ತಪ್ಪಾಯ್ತು ಚಿಕ್ಕಮ್ಮ" ಎಂದ. ಅಷ್ಟೇ ಅಂದ.

ಸಂಜೆ ಮನೆಗೆ ಬಂದು ಇದನ್ನು ಹೇಳಿದಾಗ ಪೊಲಿಕ್ಸೇನಿ ಪಾತ್ರೆ ಉಜ್ಜುವುದನ್ನು ನಿಲ್ಲಿಸಲಿಲ್ಲ.

"ಇಪ್ಪತ್ತೇ ನಿಮಿಷಕ್ಕೆ ಬಿಟ್ಟಳಾ?" ಎಂದಳು.

"ನೀನು ಎಷ್ಟು ದಿನಕ್ಕೆ ಬಿಡ್ತೀಯಾ?"

"ಗೊತ್ತಿಲ್ಲ. ನನ್ನ ಹತ್ತಿರ ಯಾರೂ ಇನ್ನೂ ತಪ್ಪಾಯ್ತು ಅಂದಿಲ್ಲ."

ಝೀಸಿಸ್ ಬಾಯಿ ತೆರೆದ. ಅವಳು ತಿರುಗಿ ನೋಡಿದಳು. "ಕೇಳಿದ ಮೇಲೆ ಹೇಳಬೇಡ. ಹೋಗು."

ಅಕ್ಟೋಬರಿನಲ್ಲಿ ಹೊಸ ಪಾಲಕ್ ಬಂದ ಮೇಲೆ, ಒಂದು ಶನಿವಾರ, ಅಗಾಥಿ ಬಸ್ಸಿನ ಮುಂದಿನ ಸೀಟಿನಲ್ಲಿ ಕೂತು ಕಸ್ತಾನೋರಾಹಿಗೆ ಬಂದಳು. ಯಾರೂ ಕರೆದಿರಲಿಲ್ಲ. ಚೌಕದಿಂದ ಮನೆಗೆ ನಡೆದು, ಅಂಗಳದ ಹಿಪ್ಪುನೇರಳೆ ಮರದ ಕೆಳಗೆ ಬಿಸಿಲು ಕಾಯಿಸುತ್ತಿದ್ದ ಅಕ್ಕನ ಮುಂದೆ ನಿಂತಳು. ಪೊಲಿಕ್ಸೇನಿ ಭಟ್ಟಿಗೆ ಸೌದೆ ಒಟ್ಟುತ್ತಿದ್ದವಳು ಹಾಗೇ ನಿಂತಳು.

"ಅಕ್ಕಾ," ಎಂದಳು ಅಗಾಥಿ. "ನನ್ನ ಕೈರುಚಿಯಿಂದ ನಿನಗೆ ಒಳ್ಳೇ ಹೆಸರು ಬಂತಂತೆ."

ಎವ್ದೋಕ್ಸಿಯಾ ತಂಗಿಯನ್ನು ಕಾಲಿಂದ ತಲೆವರೆಗೆ ನೋಡಿದಳು. ತುಟಿ ಅಲುಗಿತು. ಬಂದ ಮಾತು ಇದು: "ನೀನು ಹೋದ ದಿನ ಹಿಟ್ಟು ನಾದಿಟ್ಟು ಹೋಗಿದ್ದೆ. ದೊಡ್ಡ ಮುದ್ದೆ. ಏನು ಮಾಡಬೇಕು ಅಂತ ತಿಳೀಲಿಲ್ಲ. ಎರಡು ದಿನ ಹಾಗೇ ಇಟ್ಟು ಹಂದಿಗೆ ಹಾಕಿದೆ."

"ಹಂದಿಗಾ!" ಅಗಾಥಿಯ ದನಿ ಬೀದಿಗೆ ಕೇಳಿಸಿತು. "ಆ ಕಾಲದಲ್ಲಿ! ಹಿಟ್ಟು ಸಿಗದೆ ಜನ ಸಾಯ್ತಿದ್ದ ಕಾಲದಲ್ಲಿ ಹಂದಿಗೆ ಹಾಕಿದೆಯಾ? ನೀವು ಹಸಿದಿರಬಾರದು ಅಂತ ನಾದಿಟ್ಟಿದ್ದೆ ನಾನು!" ತನ್ನನ್ನು ಸತ್ತವಳೆಂದದ್ದಕ್ಕೆ ಬಂದದ್ದಕ್ಕಿಂತ ಹೆಚ್ಚು ಕೋಪ ಅವಳಿಗೆ ಆ ಹಿಟ್ಟಿಗೆ ಬಂದಿತ್ತು. ಕೂಗುತ್ತ ಕೂಗುತ್ತಲೇ ಅಕ್ಕನ ಪಕ್ಕದ ಬೆಂಚಿನ ಮೇಲೆ ಕೂತಳು. ಎವ್ದೋಕ್ಸಿಯಾ ಎದ್ದು ಹೋಗಲಿಲ್ಲ. ಸುಮ್ಮನೆ ಬೈಸಿಕೊಂಡಳು.

ಪೊಲಿಕ್ಸೇನಿ ಅಡುಗೆಮನೆಯಿಂದ ಮಣೆಯನ್ನೇ ಹೊರಗೆ ಹೊತ್ತು ತಂದು ಇಬ್ಬರ ಮುಂದೆ ಇಟ್ಟಳು. ಹಿಟ್ಟಿನ ಒಂದು ಉಂಡೆ, ಲಟ್ಟಣಿಗೆ. ಲಟ್ಟಣಿಗೆಯನ್ನು ಅತ್ತೆಯ ಕೈಗೆ ಕೊಟ್ಟಳು.

"ಲಟ್ಟಿಸಿ ಅತ್ತೆ."

"ನನ್ನ ಕೈ..."

"ಗೊತ್ತು, ನೋಯ್ತವೆ. ಒಂದು ಹಾಳೆ. ಇವತ್ತು ಯಾರೂ ತಟ್ಟೆ ಎಸೆಯಲ್ಲ."

ಎವ್ದೋಕ್ಸಿಯಾ ಸೊಸೆಯ ಮುಖ ನೋಡಿದಳು. ಆ ಮುಖದಲ್ಲಿ ನಗುವಿರಲಿಲ್ಲ. ಮುದುಕಿ ಬಗ್ಗಿ ಲಟ್ಟಿಸತೊಡಗಿದಳು. ಹಿಟ್ಟು ಒಂದು ಕಡೆ ದಪ್ಪವಾಯಿತು, ಇನ್ನೊಂದು ಕಡೆ ಅಂಟಿತು. ಎಬ್ಬಿಸಲು ಹೋದಾಗ ನಡುವೆ ಹರಿಯಿತು. ಅವಳು ಕೈ ತೆಗೆದು ಮಡಿಲಲ್ಲಿ ಇಟ್ಟುಕೊಂಡಳು, ಕಣ್ಣು ಮೇಲೆತ್ತಲಿಲ್ಲ.

ಅಗಾಥಿ ಒಂದೇ ಕಣ್ಣಿನಿಂದ ಅದನ್ನು ನೋಡಿ, "ಎಸೀಬೇಡ, ಹರಿದದ್ದು ನಡುವೆ ಹಾಕೋದು," ಎಂದಳು. "ಮೇಲೆ ಕೆಳಗೆ ಚೆನ್ನಾಗಿರೋದು ಹಾಕಿದರಾಯ್ತು. ಎಲ್ಲರೂ ಹಾಗೇ ಮಾಡೋದು."

ಪೊಲಿಕ್ಸೇನಿ ಹರಿದ ಹಾಳೆಯನ್ನು ಎತ್ತಿಕೊಂಡಳು. ಅವಳ ಸಿಟ್ಟು ಆರಿರಲಿಲ್ಲ. ಅಂದು ಆರಲಿಲ್ಲ, ಆ ಚಳಿಗಾಲ ವಾಯಾಳ ಮದುವೆಯಲ್ಲಿ ಝೀಸಿಸ್ ಬೀಗರೆಲ್ಲರ ಎದುರು ಎದ್ದು ನಿಂತು, ಯಾರೂ ಕೇಳದೆ ತಾನಾಗಿ, ಹೆಂಡತಿಯ ಕಡೆ ತಿರುಗಿ ತಪ್ಪೊಪ್ಪಿಕೊಂಡ ಮೇಲೂ ಪೂರ್ತಿ ಆರಲಿಲ್ಲ. ಅದು ಆಮೇಲಿನ ಮಾತು. ಈಗ ಭಟ್ಟಿ ಕಾದಿತ್ತು. ಬೂದಿ ಗುಡಿಸಬೇಕಾಗಿತ್ತು. ಅವಳು ಹಾಳೆಯ ಹರಿದ ಅಂಚುಗಳನ್ನು ಬೆರಳಿನಿಂದ ಒಂದರ ಮೇಲೊಂದು ಒತ್ತಿ ಹರಿವಾಣದ ನಡುವೆ ಹಾಸಿದಳು.

"ಸಬ್ಬಸಿಗೆ ಹಾಕು," ಎಂದಳು ಅಗಾಥಿ.

"ಹಾಕಿದೀನಿ."

"ಸಾಲದು."

"ಸಾಕು ಚಿಕ್ಕಮ್ಮ! ನನ್ನ ಮನೆ ಇದು!" ಎಂದು ಪೊಲಿಕ್ಸೇನಿ ಗದರಿದಳು. ಗದರಿ, ಇನ್ನೊಂದು ಹಿಡಿ ಹಾಕಿದಳು.